ನಿಮ್ಮ ಆಜ್ಞೆ ಮೀರಿ ಬಿದ್ದ ಸೂರು

ಮಾನ್ಯ ನ್ಯಾಯಾಧೀಶರೇ,

ನಮ್ಮ ಅಪ್ಪ ಬಿಟ್ಟುಹೋದ ಜಾಗದ ಸೂರು ನಿಮ್ಮ ಆಜ್ಞೆಯನ್ನು ಮೀರಿ ನನ್ನ ಗಂಡನ ಮೇಲೆ ಬಿದ್ದಿದೆ. ತೀರ್ಪು ಬರುವವರೆಗೆ ಜಾಗ ಇದ್ದ ಹಾಗೇ ಇರಬೇಕು, ಅಕ್ಕನಾಗಲಿ ತಮ್ಮನಾಗಲಿ ಏನನ್ನೂ ಬದಲಿಸಕೂಡದು ಎಂದು ತಾವು ಅಪ್ಪಣೆ ಮಾಡಿದ್ದಿರಿ. ಗೆದ್ದಲಿಗೂ ಅದರ ಒಂದು ಪ್ರತಿ ಕಳಿಸುವುದನ್ನು ನಿಮ್ಮ ಕಚೇರಿಯವರು ಮರೆತರೆಂದು ಕಾಣುತ್ತದೆ.

ಅಲ್ಲಿರುವುದು ನಡುವೆ ಒಂದೇ ಗೋಡೆಯ ಎರಡು ಕೋಣೆ. ಮುಂದಿನದರಲ್ಲಿ ಫೋಟೋ ಸ್ಟುಡಿಯೋ ನಡೆಸುವ ನನ್ನ ತಮ್ಮ, ಹಿಂದಿನದರಲ್ಲಿ ನಾನು ಮತ್ತು ನನ್ನ ಗಂಡ. ಇಡೀ ಜಾಗ ತನ್ನ ಸ್ವಾಧೀನದಲ್ಲಿದೆ ಎಂದು ಅವನ ದಾವೆ. ಹಾಗಾದರೆ ಇಷ್ಟು ವರ್ಷ ನಾನು ಒಲೆ ಹಚ್ಚಿದ್ದು ಅವನ ತಲೆಯ ಮೇಲೆಯೇ? ನನ್ನ ಗಂಡ ಬಡಗಿ. ಗೆದ್ದಲು ಹಿಡಿದು ಸೂರಿನ ತೊಲೆ ಟೊಳ್ಳಾಗಿದೆ ಎಂದು ತಿಳಿದು, ಹೊಸದನ್ನು ಹೆರೆದು ಅಂಗಳದಲ್ಲಿ ಒರಗಿಸಿಯೂ ಇದ್ದರು. "ಭಾವ, ಒಂದು ಮೊಳೆ ಹೊಡೆದ್ರೂ ನ್ಯಾಯಾಂಗ ನಿಂದನೆ ಕೇಸ್ ಹಾಕ್ತೀನಿ," ಎಂದ ತಮ್ಮ. ದುರಸ್ತಿಗೆ ಅನುಮತಿ ಕೋರಿ ನಿಮ್ಮ ಬಳಿ ಬಂದೆ. ಮುಂದಿನ ದಿನಾಂಕ ಕೊಟ್ಟಿರಿ. ಆಮೇಲೆ ವಕೀಲರ ಮುಷ್ಕರ, ಆಮೇಲೆ ನಿಮ್ಮ ರಜೆ.

ನನ್ನ ಗಂಡ ಊಟಕ್ಕೆ ಕೂತಿದ್ದಾಗ ಸೂರು ಬಿತ್ತು. ತೊಲೆಯನ್ನು ಒಬ್ಬಳೇ ಎತ್ತಲಾರದೆ ತಮ್ಮನನ್ನು ಕೂಗಿದೆ. ಓಡಿ ಬಂದ, ಕ್ಯಾಮೆರಾ ಹಿಡಿದುಕೊಂಡು. ತೊಲೆಯ ಕೆಳಗೆ ನನ್ನ ಗಂಡನ ಕೈ ಇನ್ನೂ ಆಡುತ್ತಿತ್ತು.

"ಅಕ್ಕ, ಸ್ವಲ್ಪ ಪಕ್ಕಕ್ಕೆ ನಿಂತ್ಕೋ. ಧೂಳು ಇಳೀಲಿ, ಫೋಟೋ ಮಸುಕಾಗುತ್ತೆ."

ಎಲ್ಲ ಕಡೆಯಿಂದ ತೆಗೆದ ಮೇಲೆಯೇ ಅವನು ತೊಲೆಗೆ ಕೈ ಹಚ್ಚಿದ್ದು. ಆಸ್ಪತ್ರೆಯ ಬಾಗಿಲು ಮುಟ್ಟುವಷ್ಟರಲ್ಲಿ ಅವರು ಹೋಗಿಬಿಟ್ಟಿದ್ದರು. ಆ ಫೋಟೋಗಳು ಈಗ ನಿಮ್ಮ ಮುಂದಿವೆ, ಅಕ್ಕ ಸೂರು ಕೆಡವಿ ಆಜ್ಞೆ ಉಲ್ಲಂಘಿಸಿದ್ದಾಳೆ ಎಂಬುದಕ್ಕೆ ಪುರಾವೆಯಾಗಿ. ಚಿತ್ರಗಳು ಬಹಳ ಸ್ಪಷ್ಟವಾಗಿವೆ ಎಂದು ತಾವೇ ಮೆಚ್ಚಿದಿರಿ. ಅವುಗಳಲ್ಲಿರುವ ಕೈ ಯಾರದೆಂದು ಕೇಳಬೇಕೆಂದು ತಮಗೆ ಅನ್ನಿಸಲಿಲ್ಲವೇ?

ಈಗ ನಡುಗೋಡೆ ಬಿರುಕು ಬಿಟ್ಟು ಅವನ ಕಡೆಗೆ ವಾಲಿದೆ. ಆಚೆ ಅವನ ಮಂಚವಿದೆ. ಬೇರೆಲ್ಲಾದರೂ ಹೋಗಿ ಮಲಗಲೂ ಅವನಿಗೆ ಭಯ. ಜಾಗ ಬಿಟ್ಟು ಕದಲಿದರೆ ಸ್ವಾಧೀನ ಕೈತಪ್ಪುತ್ತದೆ ಎಂದು ಅವನ ವಕೀಲರೇ ಹೆದರಿಸಿದ್ದಾರೆ. ಮೊನ್ನೆ ಬಂದು ಬಾಗಿಲಲ್ಲಿ ನಿಂತ. ಗೋಡೆಗೆ ಆಸರೆ ಕೊಡೋಣ, ಇಬ್ಬರೂ ಸಹಿ ಹಾಕಿದರೆ ಕೋರ್ಟು ಬೇಗ ಒಪ್ಪುತ್ತದೆ ಎಂದು ಅಂಗಲಾಚಿದ. ನನಗೆ ಸಂತೋಷವಾಯಿತು, ಸುಳ್ಳು ಯಾಕೆ ಹೇಳಲಿ?

"ಕೋರ್ಟಿನ ಮಾತು ಮೀರೋಕಾಗುತ್ತೇನೋ?" ಎಂದೆ.

ಹಾಗಾಗಿ ನನ್ನ ಬೇಡಿಕೆ ಚಿಕ್ಕದು. ಗೋಡೆ ದುರಸ್ತಿಗೆ ಅವನೊಬ್ಬನೇ ಹಾಕಿರುವ ಅರ್ಜಿ ನಾಳೆ ನಿಮ್ಮ ಮುಂದೆ ಬರುತ್ತದೆ. ದಯವಿಟ್ಟು ಅವಸರ ಮಾಡಬೇಡಿ. ನನಗೆ ಕೊಟ್ಟ ಹಾಗೆಯೇ ಅವನಿಗೂ ಮುಂದಿನ ದಿನಾಂಕ ಕೊಡಿ. ಒಡಹುಟ್ಟಿದವರು ಅಂದಮೇಲೆ ಇಬ್ಬರಿಗೂ ಸಮಪಾಲು ಸಿಗಬೇಕು.

ಇಂತಿ,
ಸೂರಿಲ್ಲದ ಕೋಣೆಯಿಂದ,
ಏನನ್ನೂ ಮುಟ್ಟದೆ ಕೂತಿರುವ ವಿಧೇಯ ಅಕ್ಕ