ಕಚ್ಚದ ನಾಯಿಗೆ ಸಾವಿನ ಸೂಜಿ

ಮಾನ್ಯ ಶ್ವಾನದಳದ ಮುಖ್ಯಾಧಿಕಾರಿಗಳೇ,

ಕಿಡಿ ಎಂಬ ನಾಯಿ ಹತೋಟಿಗೆ ಬಾರದೆಂದು ಬರೆದು, ಸೋಮವಾರ ಅದಕ್ಕೆ ಸೂಜಿ ಚುಚ್ಚಿ ಕೊಲ್ಲಲು ಆದೇಶಿಸಿದ್ದೀರಿ. ಅದನ್ನು ಮರಿಯಿಂದ ಪಳಗಿಸಿದವಳು ನನ್ನ ಸೊಸೆ. ಅವಳು ಬಾಯಿ ಬಿಟ್ಟರೆ ಕೆಲಸ ಹೋಗುತ್ತದೆ. ಅತ್ತೆಯ ಬಾಯಿಗೆ ಬೀಗ ಹಾಕುವ ನಿಯಮ ಇನ್ನೂ ಬಂದಿಲ್ಲವಾದ್ದರಿಂದ ನಾನು ಬರೆಯುತ್ತಿದ್ದೇನೆ.

ನಿಮ್ಮಲ್ಲಿ ಹೆಂಗಸರು ನಾಯಿ ಪಳಗಿಸಬಹುದು, ಪಳಗಿದ ಮೇಲೆ ಅದರೊಂದಿಗೆ ಬಾಂಬು ಹುಡುಕಲು ಹೋಗುವಂತಿಲ್ಲ. ಅಡುಗೆ ಮಾಡಿದವಳು ಬಡಿಸುವ ಹೊತ್ತಿಗೆ ಹೊರಗೆ ನಿಲ್ಲಬೇಕು! ಇಂಥ ನಾಯಿಗಳ ಹುರುಪನ್ನು ಹೆಣ್ಣಿನ ತೋಳು ತಡೆಯದು ಎನ್ನುತ್ತೀರಿ. ಹುರುಪು ನಿಜ, ಚೆಂಡು ಕಂಡರೆ ಕಿಡಿ ಗೋಡೆ ಹತ್ತುತ್ತದೆ. ಆದರೆ ಅದನ್ನು ತಡೆಯುವುದು ತೋಳು ಎಂದು ನಿಮಗೆ ಹೇಳಿದವರಾರು?

ನಾಯಿಯನ್ನು ಹೊಸ ಪೇದೆಗೆ ಒಪ್ಪಿಸಿದ ದಿನ ಸೊಸೆಗೆ ಊಟದ ಡಬ್ಬಿ ಕೊಡಲು ಹೋಗಿ ಬೇಲಿಯಾಚೆ ನಿಂತಿದ್ದೆ. ಅವಳು ತುಟಿ ಬಿಚ್ಚಬಾರದೆಂದು ನಿಮ್ಮದೇ ಅಪ್ಪಣೆ. ಆ ಪೇದೆ ಚೆಂಡು ಕಿತ್ತುಕೊಳ್ಳಲು ಕಿಡಿಯ ಬಾಯಿಗೆ ಬೆರಳು ತುರುಕಿದ. ಎಳೆದಷ್ಟೂ ಹಲ್ಲು ಬಿಗಿಯುವುದೇ ಆ ನಾಯಿಗಳ ಆಟ.

“ಅಯ್ಯೋ, ಬೆರಳು! ಯಾರಾದ್ರೂ ಬಿಡಿಸ್ರೋ!”

“ಬಿಡು,” ಎಂದಳು ಸೊಸೆ. ಕೂಗಲಿಲ್ಲ. ಕಿಡಿ ಬಿಟ್ಟು ಕುಳಿತಿತು. ಅವನು ಬೆರಳು ಎಣಿಸಿಕೊಂಡು, “ಐದೂ ಇದಾವಕ್ಕಾ, ನಿನ್ ಹೊಟ್ಟೆ ತಣ್ಣಗಿರ್ಲಿ!” ಎಂದ.

ನೀವು ಇದನ್ನೇ ಅಪರಾಧವೆಂದು ಬರೆದಿರಿ: ನಾಯಿ ಅವಳೊಬ್ಬಳ ಮಾತು ಕೇಳುತ್ತದೆ. ಅವಳು ಸುಮ್ಮನಿದ್ದಿದ್ದರೆ ಕಿಡಿ ಕಚ್ಚುವ ನಾಯಿ. ಮಾತಾಡಿದ್ದಕ್ಕೆ ಕೆಲಸಕ್ಕೆ ಬಾರದ ನಾಯಿ. ಅತ್ತ ದರಿ, ಇತ್ತ ಪುಲಿ. ಅಂದಿನಿಂದ ಬೋನಿನಲ್ಲಿ ಸುತ್ತಿ ಸುತ್ತಿ ಅದರ ಪಾದಗಳು ಒಡೆದಿವೆ. ಅವಳನ್ನು ಕಂಡು ಜಿಗಿದರೆ ಹುಚ್ಚು, ಕಾಣದೆ ಊಟ ಬಿಟ್ಟರೆ ರೋಗ. ಅದು ಹೇಗಿದ್ದರೆ ಬದುಕಬಹುದು, ನೀವೇ ಹೇಳಿ.

ನಿನ್ನೆ ಇನ್ನೊಂದು ಅಪ್ಪಣೆ ಬಂತು. ಬೋನಿನೊಳಗೆ ಹೋಗಲು ಬೇರೆ ಯಾರಿಗೂ ಧೈರ್ಯವಿಲ್ಲವಂತೆ. ವೈದ್ಯರು ಸೂಜಿ ಚುಚ್ಚುವಾಗ ಕಿಡಿಯ ಕುತ್ತಿಗೆ ಹಿಡಿಯಬೇಕಾದವಳು ನನ್ನ ಸೊಸೆ. ಬಾಂಬು ಹುಡುಕಲು ಸಾಲದ ಹೆಣ್ಣಿನ ಕೈ ಕೊಲ್ಲಲು ಸಾಕಾಯಿತೇ?

“ನಾನ್ ಕರೆದ್ರೆ ಬಾಲ ಅಲ್ಲಾಡಿಸ್ಕೊಂಡು ಬರುತ್ತೆ, ಅತ್ತೆ,” ಎಂದು ಹೇಳಿ ಅವಳು ಪಾತ್ರೆ ತೊಳೆಯಲು ಎದ್ದಳು.

ಆದೇಶ ಹಿಂದೆ ತೆಗೆದುಕೊಳ್ಳಿ. ಕಿಡಿಯ ಹಗ್ಗವನ್ನು ಅವಳ ಕೈಗೆ ಕೊಟ್ಟು ಇಬ್ಬರನ್ನೂ ಕೆಲಸಕ್ಕೆ ಕಳಿಸಿ. ಇಲ್ಲವಾದರೆ ಸೋಮವಾರ ನೀವೇ ಬೋನಿನೊಳಗೆ ಬಂದು ಅದನ್ನು ಹಿಡಿದುಕೊಳ್ಳಿ. ಸೊಸೆಯನ್ನು ಕಳಿಸುವುದಿಲ್ಲ ಎಂದು ಬರೆಯುವ ಆಸೆ ನನಗಿದೆ. ಆದರೆ ತಾನು ಹೋಗದಿದ್ದರೆ ಅದನ್ನು ಹೊರಗಿನಿಂದಲೇ ಕುತ್ತಿಗೆಗೆ ಕುಣಿಕೆ ಹಾಕಿ ಎಳೆಯುತ್ತಾರೆಂದು ಅವಳಿಗೆ ಗೊತ್ತು. ಅವಳು ಹೋಗುತ್ತಾಳೆ.

ಇಂತಿ,
ಮನೆಮಂದಿಯನ್ನೆಲ್ಲ ಹತೋಟಿಯಲ್ಲಿಟ್ಟು, ಈ ಒಬ್ಬಳನ್ನು ತಡೆಯಲಾರದ ಅತ್ತೆ