ಅಡುಗೆಮನೆಯ ಟ್ಯೂನ್ ಯಾರದು

ಬುಧವಾರ, ಮಧ್ಯಾಹ್ನ

ಪ್ರೀತಿಯ ಗಡಿಯಾರ,

ಹೆಸರು ಹಿಡಿದೇ ಬರೆಯೋಣ ಅಂದುಕೊಂಡೆ, ಕೈ ಬರಲಿಲ್ಲ. ಡ್ರಮ್ಸ್ ಮುಂದೆ ಕೂತರೆ ಕೂದಲೆಳೆಯಷ್ಟೂ ತಾಳ ತಪ್ಪದ, ಮನೆಗೆ ಮಾತ್ರ ಎಂದೂ ಹೇಳಿದ ಹೊತ್ತಿಗೆ ಬಾರದ ಗಂಡನಿಗೆ ನಾನಿಟ್ಟ ಆ ಹೆಸರೇ ಸರಿ. ನಾನು ಬೇರೆ ಮನೆ ಮಾಡಿದ ಮೇಲೆ ನಿನಗೆ ಬರೆಯುತ್ತಿರುವ ಮೊದಲ ಕಾಗದ ಇದು. ಫೋನ್ ಮಾಡಬಹುದಿತ್ತು. ಆದರೆ ಫೋನಿನಲ್ಲಿ ನೀನು ಹೂಂ ಅನ್ನುತ್ತೀಯ, ಆ ಹೂಂಗೆ ಅರ್ಥ ಹುಡುಕುತ್ತಾ ನಾನು ವಾರವಿಡೀ ತಲೆ ಕೆಡಿಸಿಕೊಳ್ಳುತ್ತೇನೆ. ಕಾಗದವಾದರೆ ನೀನು ಪೂರ್ತಿ ವಾಕ್ಯ ಬರೆಯಲೇಬೇಕು.

ವಿಷಯ ಇಷ್ಟೇ. ನಮ್ಮ ಅಡುಗೆಮನೆಯ ಟ್ಯೂನ್ ಇತ್ತಲ್ಲ, ಅದನ್ನು ಮೊದಲು ಹುಟ್ಟಿಸಿದ್ದು ನೀನೋ ನಾನೋ? ನೆನಪು ಮಾಡಿಕೊಂಡು ಬರಿ. ಶುಕ್ರವಾರದೊಳಗೆ ನನಗೆ ಗೊತ್ತಾಗಬೇಕು. ಕೆಳಗಿನ ಅಂಗಡಿಯ ಟೈಲರ್ ಬಟ್ಟೆ ಕೊಡಲು ದಿನಾ ನಿಮ್ಮ ಬೀದಿಗೆ ಬರುತ್ತಾನೆ, ಅವನ ಕೈಯಲ್ಲೇ ಉತ್ತರ ಕೊಟ್ಟು ಕಳಿಸು.

ಯಾಕೆ ಅಂದರೆ, ಹೋದ ಶನಿವಾರ ದೊರೆಯ ಬ್ಯಾಂಡಿನ ಕಾರ್ಯಕ್ರಮವಿತ್ತು, ದೊಡ್ಡ ಬಯಲಿನಲ್ಲಿ. (ಅವನು ಹಾಡುವಾಗಲೂ ಅಪ್ಪಣೆ ಕೊಟ್ಟ ಹಾಗೆ ಹಾಡುತ್ತಾನೆ ಅಂತ ಆ ಹೆಸರು ಇಟ್ಟವನು ನೀನೇ. ಈಗ ಬ್ಯಾಂಡಿನಲ್ಲಿ ಎಲ್ಲರೂ ಹಾಗೇ ಕರೆಯುತ್ತಾರೆ, ಅವನಿಗದು ಮರ್ಯಾದೆ ಅನ್ನಿಸಿಬಿಟ್ಟಿದೆ.) ಮೂರನೆಯ ಹಾಡಿನ ನಡುವೆ ಗಿಟಾರಿನವನ ತಂತಿ ಪಟ್ಟನೆ ಹರಿಯಿತು. ದೊರೆ ನನ್ನ ಕಡೆ ತಿರುಗಿ, ಅವನು ತಂತಿ ಹಾಕುವ ತನಕ ಏನಾದರೂ ಎಳೆಯುತ್ತಿರು ಅಂತ ಬೆರಳು ಸುತ್ತಿಸಿ ಸನ್ನೆ ಮಾಡಿದ, ನೀರು ಕುಡಿಯಲು ಹಿಂದೆ ಹೋದ. ಇಂಥ ಹೊತ್ತಿಗೆ ನಾನು ಎರಡು ಸ್ವರ ಹಿಡಿದು ಗುಯ್‌ಗುಡುತ್ತಾ ನಿಲ್ಲುತ್ತೇನೆ, ನಿನಗೆ ಗೊತ್ತಲ್ಲ. ಯಾವ ಸ್ವರ ಅಂತ ನೋಡಲು ಬಗ್ಗಿದೆ. ನನ್ನ ಬೇಸ್ ಗಿಟಾರಿನ ಮೇಲಂಚಿಗೆ ಆ ದಿನದ ಹಾಡುಗಳನ್ನು ಬರೆದ ಟೇಪ್ ಅಂಟಿಸಿಕೊಳ್ಳುತ್ತೇನಲ್ಲ, ಅಲ್ಲಿ ಇದ್ದದ್ದು ಹೋಟೆಲ್ ಬ್ಯಾಂಡಿನ ಟೇಪ್! ಹಿಂದಿನ ದಿನ ಅಲ್ಲಿ ನುಡಿಸಿ ಬಂದವಳು ಅದನ್ನು ಕಿತ್ತು ಹಾಕಿರಲಿಲ್ಲ. ಹಳೇ ಪ್ರೇಮಗೀತೆಗಳ ಸಾಲು ನೋಡಿ, ನಾನೀಗ ಎಲ್ಲಿ ನಿಂತಿದ್ದೇನೆ, ಯಾರ ಜೊತೆ ನುಡಿಸುತ್ತಿದ್ದೇನೆ ಅನ್ನುವುದೇ ತಲೆಯಿಂದ ಹಾರಿಹೋಯಿತು.

ಆಣೆ ಮಾಡಿ ಹೇಳುತ್ತೇನೆ, ನಾನು ಏನೂ ಯೋಚಿಸಲಿಲ್ಲ. ಬೆರಳುಗಳು ತಾವಾಗಿಯೇ ಹೋಗಿ ಅಡುಗೆಮನೆಯ ಟ್ಯೂನ್ ಹಿಡಿದವು. ನಾವಿಬ್ಬರೂ ಅದನ್ನು ಹೊರಗೆ ಎಲ್ಲೂ ನುಡಿಸಿರಲಿಲ್ಲ. ಮೊದಲು ಮುಂದಿನ ಸಾಲಿನ ನಾಲ್ಕು ಜನ ಚಪ್ಪಾಳೆ ಹಿಡಿದರು, ಆಮೇಲೆ ಇಡೀ ಬಯಲು. ಅವರ ಡ್ರಮ್ಮರ್ ಸೇರಿಕೊಂಡ. ನಿನ್ನಷ್ಟು ಚೆನ್ನಾಗಿಲ್ಲ, ಮೂರನೆಯ ಪೆಟ್ಟನ್ನು ತುಂಬಿಬಿಡುತ್ತಾನೆ, ನೀನು ಅಲ್ಲಿ ಖಾಲಿ ಬಿಡುತ್ತಿದ್ದೆ. ತಂತಿ ಹಾಕಿ ಮುಗಿಸಿದ ಗಿಟಾರಿನವನೂ ನಿಲ್ಲಿಸಲು ಒಪ್ಪಲಿಲ್ಲ. ಜನ ಕುಣಿಯುತ್ತಿದ್ದರು. ನನಗೆ ಖುಷಿಯಾಯಿತು, ಸುಳ್ಳು ಯಾಕೆ ಹೇಳಲಿ. ಜೊತೆಗೆ ಯಾರೋ ನಮ್ಮ ಮನೆಯ ಬಾಗಿಲು ತೆಗೆದು ಒಳಗೆ ನೋಡುತ್ತಿದ್ದಾರೆ ಅನ್ನಿಸಿ ನಾಚಿಕೆಯೂ ಆಯಿತು.

ಸೋಮವಾರ ದೊರೆ ಸ್ಟುಡಿಯೋಗೆ ಕರೆಸಿದ. ಹೊಸ ಆಲ್ಬಮ್ಮಿನ ಮೊದಲ ಹಾಡು ಅದೇ ಅಂತೆ. ಆಗಲೇ ಸಾಹಿತ್ಯ ಬೇರೆ ಬರೆದು ತಂದಿದ್ದ, ತುಂಬ ಬೆಂಕಿ, ಕತ್ತಿ, ಕ್ರಾಂತಿ. ಇದು ಸೋರುವ ನಲ್ಲಿಯ ಮುಂದೆ ಹುಟ್ಟಿದ್ದಪ್ಪಾ ಅಂತ ಅವನಿಗೆ ಹೇಗೆ ಹೇಳಲಿ! ಆಮೇಲೆ ಅವನು ಹೇಳಿದ ಮಾತಿಗೆ ನನ್ನ ಕಾಲು ನೆಲಕ್ಕೆ ತಾಗಲಿಲ್ಲ. ಸಂಗೀತ ಅನ್ನುವ ಕಡೆ ನನ್ನ ಹೆಸರು ಬರುತ್ತದಂತೆ. ಇನ್ನು ಮೇಲೆ ಕರೆದಾಗ ಬಂದು ನುಡಿಸಿ ಹೋಗುವವಳಲ್ಲ, ಬ್ಯಾಂಡಿನ ಒಬ್ಬಳು ಅಂತೆ. ನಿನಗೆ ಗೊತ್ತು, ಇಷ್ಟು ವರ್ಷ ನಾನು ಪೋಸ್ಟರಿನಲ್ಲಿ ‘ಮತ್ತು ಸಂಗಡಿಗರು’ ಅನ್ನುವ ಎರಡು ಪದದೊಳಗೇ ಸಂಸಾರ ಮಾಡಿದವಳು. ಕೊನೆಗೆ ಅವನು ಕೇಳಿದ, ಟ್ಯೂನ್ ನಿನ್ನೊಬ್ಬಳದೇ ತಾನೇ, ನಾಳೆ ಇನ್ನೊಬ್ಬರು ಬಂದು ತಗಾದೆ ತೆಗೆಯಬಾರದು ಅಂತ. ಶುಕ್ರವಾರ ಹೇಳುತ್ತೇನೆ ಅಂದೆ.

ಅಲ್ಲಿಂದ ಶುರುವಾಯಿತು ನೋಡು ಗೋಜಲು. ಒಂದು ನೆನಪಿನಲ್ಲಿ ನಲ್ಲಿ ತೊಟ್ಟಿಕ್ಕುತ್ತಿದೆ, ನೀನು ಅದರ ಲಯಕ್ಕೆ ಸಕ್ಕರೆ ಡಬ್ಬಿಯ ಮೇಲೆ ಚಮಚದಿಂದ ಬಡಿಯುತ್ತಾ ಏನೋ ಗುನುಗುತ್ತಿದ್ದೀಯ, ನಾನು ಬೇಸ್ ತಂದು ಅಡುಗೆ ಕಟ್ಟೆಯ ಮೇಲೆ ಹತ್ತಿ ಕೂತು ನಿನ್ನ ಗುನುಗನ್ನು ತಂತಿಯಲ್ಲಿ ಹುಡುಕುತ್ತಿದ್ದೇನೆ. ಇನ್ನೊಂದರಲ್ಲಿ ನಾನೇ ಮೊದಲು ಕೂತಿದ್ದೇನೆ, ಹೋಟೆಲಿನ ಮೇಲಿನ ಸಿಟ್ಟನ್ನು ತಂತಿಯ ಮೇಲೆ ತೀರಿಸುತ್ತಾ. ನೀನು ನಲ್ಲಿ ರಿಪೇರಿಗೆ ಪಾನಾ ಹಿಡಿದು ಬಂದವನು ಅಲ್ಲೇ ನಿಂತುಬಿಟ್ಟಿದ್ದೀಯ. ಎರಡರಲ್ಲೂ ಭುಜ ಹರಿದ ಅದೇ ಬನಿಯನ್ ಹಾಕಿದ್ದೀಯ. ಎರಡರಲ್ಲೂ ಹಾಲು ಸೀದ ವಾಸನೆ ಇದೆ. ಯಾವುದು ನಡೆದದ್ದು, ಯಾವುದು ನಾನು ಆಮೇಲೆ ಹೊಲಿದುಕೊಂಡದ್ದು?

ಅತ್ತೆಗೆ ಫೋನ್ ಮಾಡಿಯೂ ಕೇಳಿದೆ. (ಅವರು ನಿನಗೆ ಹೇಳಿರಲಾರರು, ನಾವಿಬ್ಬರೂ ಆಗಾಗ ಮಾತಾಡುತ್ತೇವೆ.) ಯಾರು ಶುರು ಮಾಡಿದರೋ ತನಗೆ ಗೊತ್ತಿಲ್ಲ, ಗಂಡ ಹೆಂಡತಿ ಸೇರಿ ತನ್ನ ಪಾತ್ರೆ ಸುಟ್ಟದ್ದು ಮಾತ್ರ ಗೊತ್ತು ಅಂದರು. ಅದನ್ನು ಎಷ್ಟು ತಿಕ್ಕಿದರೂ ಕಪ್ಪು ಹೋಗಿಲ್ಲವಂತೆ. ಇತ್ತೀಚೆಗೆ ನೀನು ಡ್ರಮ್ಸ್ ಪಾಠ ಮುಗಿಸಿ ಬೇಗ ಮನೆಗೆ ಬರುತ್ತೀಯ ಅಂತಲೂ ಹೇಳಿದರು. ನಾನಿದ್ದಾಗ ಯಾಕೆ ಬರಲಿಲ್ಲ ಅಂತ ಬಾಯಿಗೆ ಬಂತು, ಪಾಪ ಅವರನ್ನು ಕೇಳಿ ಏನು ಪ್ರಯೋಜನ.

ನಾನೂ ಮನೆಯಲ್ಲಿ ಎಲ್ಲಿರುತ್ತಿದ್ದೆ, ಬಿಡು. ದೊರೆಯ ಬ್ಯಾಂಡ್, ಹೋಟೆಲಿನ ಹಿರಿಯರ ಬ್ಯಾಂಡ್, ಮಕ್ಕಳ ನಾಟಕ, ಪಿಟೀಲಿನವಳ ಜೊತೆ ನಮಗೂ ಅರ್ಥವಾಗದ ಆ ಸಂಗೀತ. ನಾಟಕದಲ್ಲಿ ಈಗಲೂ ಆನೆ ನಡೆಯುವ ಸದ್ದು ನನ್ನದೇ. ಮೊನ್ನೆ ಹೋಟೆಲಿನಲ್ಲಿ ಒಂದು ವಿರಹಗೀತೆಗೆ ಆನೆಯ ನಡಿಗೆ ನುಡಿಸಿಬಿಟ್ಟೆ, ಹಾಡುವ ಹಿರಿಯರು ಕಣ್ಣುಬಿಟ್ಟು ನೋಡಿದರು, ಊಟ ಮಾಡುತ್ತಿದ್ದವರು ಯಾರೂ ತಲೆ ಎತ್ತಲಿಲ್ಲ. ‘ನಾನು ನಿನ್ನ ಎಷ್ಟನೆಯ ತಂಡ’ ಅಂತ ನೀನು ಕೇಳಿದ ದಿನ ಸಿಟ್ಟಿನಲ್ಲಿ ಐದನೆಯದು ಅಂದೆನಲ್ಲ, ಲೆಕ್ಕಕ್ಕೇನೋ ಅದು ಸರಿಯಾಗಿಯೇ ಇತ್ತು. ಆದರೆ ನೀನು ಬಾಗಿಲು ಹಾಕಿಕೊಂಡ ಮೇಲೆ ನಾನು ಹೊರಗೆ ನಿಂತು ಮತ್ತೆ ಮತ್ತೆ ಎಣಿಸಿದೆ.

ಈಗ ನಾನಿರುವ ಕೋಣೆ ಚಿಕ್ಕದು. ಆಂಪ್ಲಿಫೈಯರ್ ಮೇಲೆ ಬಟ್ಟೆ ಹಾಸಿ ಮೇಜು ಮಾಡಿಕೊಂಡಿದ್ದೇನೆ, ಅದರ ಮೇಲೇ ಇದನ್ನು ಬರೆಯುತ್ತಿರುವುದು. ಕೆಳಗೆ ಹೊಲಿಗೆ ಯಂತ್ರ ನಿಂತಾಗ ನನ್ನ ಅಭ್ಯಾಸ. ಟ್ಯೂನನ್ನು ಇಲ್ಲಿ ಹತ್ತಾರು ಸಲ ನುಡಿಸಿ ನೋಡಿದೆ. ಒಮ್ಮೆ ನುಡಿಸಿದರೆ ಪೂರ್ತಿ ನನ್ನದೇ ಅನ್ನಿಸುತ್ತದೆ, ಇನ್ನೊಮ್ಮೆ ನಾನು ನಿನ್ನ ಮನೆಯ ಸಾಮಾನು ಎತ್ತಿಕೊಂಡು ಬಂದಿದ್ದೇನೆ ಅನ್ನಿಸುತ್ತದೆ. ಬೇಸ್ ನುಡಿಸುವವರ ಹಣೆಬರಹ ನಿನಗೆ ಗೊತ್ತು, ಯಾರೋ ಮಾಡಿದ ಹಾಡಿನ ಕೆಳಗೆ ನಿಂತು ಅದು ಬೀಳದ ಹಾಗೆ ನೋಡಿಕೊಳ್ಳುವುದು. ಇದು ಯಾರದು ಅಂತ ಒಬ್ಬರೂ ನನ್ನನ್ನು ಕೇಳಿರಲಿಲ್ಲ. ಕೇಳಿದ ದಿನ ನನಗೇ ಗೊತ್ತಿಲ್ಲ. ನಗು ಬರುತ್ತದೆ, ಹಿಂದೆಯೇ ಅಳುವೂ ಬರುತ್ತದೆ, ಯಾವುದನ್ನು ಮೊದಲು ಮುಗಿಸಬೇಕೋ ತಿಳಿಯುತ್ತಿಲ್ಲ.

ಅದಕ್ಕೇ ನಿನ್ನನ್ನು ಕೇಳುತ್ತಿದ್ದೇನೆ. ನಿನಗೆ ತಾಳ ಮರೆಯುವುದಿಲ್ಲ, ಇದೂ ಮರೆತಿರಲಾರದು. ನನ್ನ ಮೇಲೆ ಕೋಪವಿದ್ದರೆ ಇರಲಿ, ಅದಕ್ಕೆ ಬೇರೆ ಕಾಗದ ಬರಿ. ಇದಕ್ಕೆ ಮಾತ್ರ ನಡೆದದ್ದು ನಡೆದ ಹಾಗೆ ಹೇಳು.

ಟೈಲರ್ ಕೆಳಗಿನಿಂದ ಕೂಗುತ್ತಿದ್ದಾನೆ. ಇಲ್ಲಿಗೆ ನಿಲ್ಲಿಸುತ್ತೇನೆ.

ಬಾಗಿಲ ಕಡೆ ಒಂದು ಕಣ್ಣಿಟ್ಟಿರುವ,
ನಿನ್ನ
ದಪ್ಪತಂತಿ

ತಾ.ಕ.: ಟೈಲರನಿಗೆ ಎರಡು ನಿಮಿಷ ತಡೆ ಅಂದಿದ್ದೇನೆ. ಶುಕ್ರವಾರದೊಳಗೆ ಗೊತ್ತಾಗಬೇಕು ಅಂದದ್ದು ಸುಳ್ಳು. ನಿನ್ನೆಯೇ ಸ್ಟುಡಿಯೋಗೆ ಹೋಗಿ, ಅದು ನನ್ನೊಬ್ಬಳದಲ್ಲ, ಕೊಡುವುದಿಲ್ಲ ಅಂತ ದೊರೆಗೆ ಹೇಳಿ ಬಂದೆ. ಹಾಗಾದರೆ ನಾಳೆಯಿಂದ ಬರಬೇಡ ಅಂದ. ಬರುವುದಿಲ್ಲ ಅಂದೆ. ಮತ್ತೆ ಯಾಕೆ ನಿನ್ನನ್ನು ಕೇಳುತ್ತಿದ್ದೇನೋ ನನಗೂ ಸರಿಯಾಗಿ ಗೊತ್ತಿಲ್ಲ. ನಿಜವಾಗಿ ನಿನ್ನದಾದರೆ ‘ನನ್ನದು’ ಅಂತ ಬರಿ, ಸಂತೋಷ. ಇಬ್ಬರದೂ ಅಂದರೆ ಜಗಳಕ್ಕಾದರೂ ಬರುತ್ತೇನೆ. ‘ಅದು ನಿನ್ನದೇ, ನೀನೇ ಇಟ್ಟುಕೋ’ ಅಂತ ಕೈತೊಳೆದುಕೊಂಡು ಮಾತ್ರ ಬರೆಯಬೇಡ.