ಗಾಡಿದಾರಿಯ ಅಪೀಲು

ಸಾಸ್ವೆಹಳ್ಳಿ
೧೨-೮-೧೯೭೯

ವಕೀಲರಾದ ಹಾಲಸ್ವಾಮಿಯವರಿಗೆ ನಮಸ್ಕಾರಗಳು.

ಒಂದು ಅಪರಾಧ ಒಪ್ಪಿಕೊಳ್ಳುತ್ತೇನೆ. ತಮ್ಮ ಕಟ್ಟಪ್ಪಣೆ ಮೀರಿ, ಶಿವಮೊಗ್ಗದ ಬಸ್ಸಿನಲ್ಲಿ ಎದುರುಪಾರ್ಟಿಯಾದ ನನ್ನ ಸ್ವಂತ ಅಣ್ಣನ ಪಕ್ಕ ಕೂತೆ. ಅವನು ಕೊಟ್ಟ ಎಲೆ-ಅಡಿಕೆಯನ್ನೂ ಹಾಕಿಕೊಂಡೆ.

"ಲೇ ತಮ್ಮಾ, ಕೋರ್ಟಿಗೆ ಹೋಗಾಕೆ ಇಬ್ರಿಗೂ ಒಂದೇ ಬಸ್ಸು ಐತೆ. ಹೊಲಕ್ಕೆ ಹೋಗಾಕೆ ಒಂದೇ ದಾರಿ ಸಾಲಲ್ವೇನೋ?" ಅಂದ.

ಆದ್ದರಿಂದ, ಅವನ ಗಾಡಿ ನನ್ನ ಹೊಲದಲ್ಲಿ ಹಾಯಬಹುದೆಂಬ ಕೆಳಗಿನ ಕೋರ್ಟಿನ ತೀರ್ಪಿನ ಮೇಲೆ ನಾನು ಹಾಕಿದ ಅಪೀಲನ್ನು ವಾಪಸು ಪಡೆಯಿರಿ. ಸೋಲಿನ ಭಯದಿಂದಲ್ಲ, ಕೇವಲ ಔದಾರ್ಯದಿಂದ ಎಂದು ಕೆಂಪಕ್ಷರದಲ್ಲಿ ಟೈಪಾಗಲಿ. ಬಿ.ಎ. ಪಾಸಾದವನು ದಾರಿ ಬಿಟ್ಟರೂ ದರ್ಪ ಬಿಡಬಾರದು.

ಜಡ್ಜ್ ಸಾಹೇಬರು ಕಾರಣ ಕೇಳಿದರೆ ಇದೊಂದನ್ನು ಮಾತ್ರ ಹೇಳಬೇಡಿ: ನಾಲೆ ಒಡೆದು ನನ್ನ ತೋಟದ ದಾರಿ ಕೊಚ್ಚಿಹೋಗಿ ತಿಂಗಳಾಯಿತು. ಅಂದಿನಿಂದ ನನ್ನ ಗಾಡಿ ಅಣ್ಣನ ಗದ್ದೆ ತುಳಿದುಕೊಂಡೇ ಹೋಗುತ್ತಿದೆ. ನಾನು ಕೇಳಲಿಲ್ಲ, ಅವನು ತಡೆಯಲಿಲ್ಲ.

ಇತಿ ತಮ್ಮ ಕಕ್ಷಿದಾರ,
ಚನ್ನವೀರಪ್ಪ, ಬಿ.ಎ.